ಅಳತೆಯ ಲೋಟ

ದಾದರ್ ಸೇತುವೆಯ ಕೆಳಗೆ ಐವತ್ತಕ್ಕೊಂದು,
ನೂರಿಪ್ಪತ್ತಕ್ಕೆ ಮೂರು.
ಗುಲಾಬಿಯ ಹಾಗೆ ಸುತ್ತಿಕೊಂಡ ದಪ್ಪ ಎಲೆ,
ಮೈಗೆಲ್ಲ ವಿಭೂತಿಯಂಥ ಬೂದಿ;
ಮುಟ್ಟಿದರೆ ಬೆರಳಚ್ಚು ಉಳಿಯುತ್ತದೆ.
ಮಾರುವ ಹುಡುಗ ಹೇಳಿದ್ದು ಒಂದೇ ಮಾತು:
ಮರೆತುಬಿಡಿ ದೀದಿ, ಮರೆತರೆ ಬದುಕುತ್ತದೆ.

ಲೋಕಲ್ಲಿನ ನೂಕಿನಲ್ಲಿ ಮೂರನ್ನೂ ಎದೆಗವಚಿ
ಭಾಂಡುಪಿನ ಏಳನೇ ಮಾಳಿಗೆಗೆ ತಂದೆ.
ಶ್ರೀಖಂಡದ ಖಾಲಿ ಡಬ್ಬಿಗಳ ತಳಕ್ಕೆ
ಕಾದ ಮೊಳೆಯಿಂದ ತೂತು,
ಮರಳು, ಇಟ್ಟಿಗೆ ಚೂರು, ಹೆಸರಿಗಿಷ್ಟು ಮಣ್ಣು.

ಅತ್ತೆ ಬಗ್ಗಿ ನೋಡಿದರು.
"ನಮ್ಮ ಕಾಡುಬಸಳೆಯ ಕಡೆಯವಳು,
ಪಟ್ಟಣ ಸೇರಿ ಪೌಡರು ಹಚ್ಚಿದ್ದಾಳೆ.
ನೀರು?"
"ಹದಿನೈದು ದಿನಕ್ಕೊಮ್ಮೆ. ಮಳೆಗಾಲದಲ್ಲಿ ಅದೂ ಬೇಡ."
"ಬಾಯಿಲ್ಲದ ಜೀವ" ಅಂದು ಸುಮ್ಮನಾದರು.

ಅತ್ತೆ ನೀರಿನ ಲೆಕ್ಕ ಬಲ್ಲವರು.
ಅಸಲ್ಫಾದ ಗುಡ್ಡದಲ್ಲಿ
ನಾಲ್ಕೂ ಮುಕ್ಕಾಲಿಗೆ ಬಂದು ಐದೂ ಹತ್ತಕ್ಕೆ ನಿಲ್ಲುವ ನಲ್ಲಿಗೆ
ಇಪ್ಪತ್ತೆರಡು ವರ್ಷ ಕೊಡ ಹಿಡಿದು ನಿಂತವರು.
ನೀಲಿ ಡ್ರಮ್ಮು, ಹಿತ್ತಾಳೆ ಹಂಡೆ,
ಕುಕ್ಕರು, ಮಕ್ಕಳ ಶಾಲೆಯ ಬಾಟಲು,
ತಟ್ಟೆಯೊಂದು ಬಿಟ್ಟು ಎಲ್ಲವೂ ತುಂಬಿರುತ್ತಿದ್ದ ಖೋಲಿ.
ಇಡೀ ಮನೆಯೇ ಒಂದು ದಪ್ಪ ಎಲೆ,
ನಾಳೆ ಬರದಿದ್ದರೆ ಎಂಬ ಭಯ ಅದರ ತಿರುಳು.

ಈಗ ಇಲ್ಲಿ ತಿರುಗಿಸಿದರೆ ನೀರು.
ಈಗ ಅವರಿಗೆ ದಿನಕ್ಕೆ ಮುಕ್ಕಾಲು ಲೀಟರು.
ಮಂಗಳವಾರ, ಶುಕ್ರವಾರ ಮುಲುಂಡಿನಲ್ಲಿ
ನಾಲ್ಕು ಗಂಟೆ ಯಂತ್ರದ ಪಕ್ಕ;
ಮುಂಚೆ ತೂಕ, ಆಮೇಲೆ ತೂಕ,
ಸಿಸ್ಟರ್ ಬ್ಲೆಸಿ ಬರೆದುಕೊಳ್ಳುತ್ತಾಳೆ.
ಚಹಾ, ಸಾರು, ಮಾತ್ರೆಯ ಜೊತೆಯ ಗುಟುಕು,
ಕಲ್ಲಂಗಡಿಯ ಹೋಳು, ಎಲ್ಲವೂ ಲೆಕ್ಕಕ್ಕೆ.
ಬೆಳಿಗ್ಗೆ ಗೆರೆಯವರೆಗೆ ಅಳೆದು
ಬಾಟಲಿಗೆ ಸುರಿಯುವವಳು ನಾನು.
ಸೊಸೆ ನೀರು ಕೊಡಲಿಲ್ಲ ಎಂದು ಊರೆಲ್ಲ ಆಡುವ ಮಾತನ್ನು
ಡಾಕ್ಟರ ಸಹಿ ಹಾಕಿಸಿಕೊಂಡು ನಡೆಸುತ್ತಿದ್ದೇನೆ.

ಗಿಡದ ಪಾಠವನ್ನು ಕೆಡಿಸಿಯೇ ಕಲಿತೆ.
ಎಲೆ ಸುಕ್ಕಾದರೆ ಬಾಯಾರಿಕೆ, ಅದು ಸರಿಹೋಗುತ್ತದೆ.
ಎಲೆ ಗಾಜಿನಂತಾದರೆ ಹೆಚ್ಚಾಗಿದೆ, ಅದು ಹೋಗುವುದಿಲ್ಲ.
ಬೆರಳನ್ನು ಮಣ್ಣಿಗೆ ಎರಡು ಗೆಣ್ಣು ಇಳಿಸಿ ನೋಡಬೇಕು.
ಅತ್ತೆಯ ಪಾದವನ್ನೂ ರಾತ್ರಿ ಹೆಬ್ಬೆರಳಲ್ಲಿ ಒತ್ತಿ
ಕುಳಿ ಎಷ್ಟು ಹೊತ್ತು ನಿಲ್ಲುತ್ತದೆ, ಎಣಿಸುತ್ತೇನೆ.

ಜುಲೈ. ಒಂಬತ್ತು ದಿನದಿಂದ ಒಂದೇ ಮಳೆ.
ಹಳಿ ಮುಳುಗಿ ಆಫೀಸಿಲ್ಲ.
ಗೋಡೆಗೆ ಬೂಷ್ಟು, ಉಪ್ಪಿನ ಡಬ್ಬಿಯಲ್ಲಿ ನೀರು.
ಗಿಡಗಳನ್ನು ಒಳಗೆ ಮೇಜಿಗೆ ತಂದು ಫ್ಯಾನು ಹಚ್ಚಿದೆ.
ಹನಿ ಹಾಕಿಲ್ಲ ನಾನು,
ಆದರೂ ನಡುವಿನದು ಬುಡದಿಂದ ಕರಗುತ್ತಿತ್ತು.

ರಾತ್ರಿ ಎರಡೂವರೆ, ಕರೆಂಟಿಲ್ಲ.
ಮೇಜಿನ ಬಳಿ ಅತ್ತೆ.
ಬಾಟಲಿಯಿಂದ ಮುಚ್ಚಳಕ್ಕೆ,
ಮುಚ್ಚಳದಿಂದ ಗಿಡಕ್ಕೆ.
"ನನ್ನ ಪಾಲಿನದೇ," ಅಂದರು,
ಸಿಕ್ಕಿಬಿದ್ದವರ ದನಿಯಲ್ಲಲ್ಲ,
ನಲ್ಲಿಯ ಸಾಲಿನಲ್ಲಿ ಜಗಳಕ್ಕೆ ನಿಂತವರ ದನಿಯಲ್ಲಿ.
"ನಿನ್ನ ಲೆಕ್ಕ ತಪ್ಪಿಲ್ಲ."

ಬೈಯಲು ಬಾಯಿ ತೆರೆದೆ.
ಮಳೆ ಎಷ್ಟು ಜೋರಿತ್ತೆಂದರೆ
ಏನಂದೆನೋ ನನಗೇ ಕೇಳಿಸಲಿಲ್ಲ.

ಬೆಳಿಗ್ಗೆ ಕೊಳೆತದ್ದನ್ನು ಕತ್ತರಿಸಿ ಎಸೆದೆ.
ಗಟ್ಟಿ ಉಳಿದದ್ದು ನಾಲ್ಕೇ ಎಲೆ.
ಊರಲಿಲ್ಲ, ಒಣ ಮರಳಿನ ಮೇಲೆ ಸುಮ್ಮನೆ ಮಲಗಿಸಿದೆ.
ಮೂರು ಒಣಗಿದವು.
ಇಪ್ಪತ್ತನೇ ದಿನ ನಾಲ್ಕನೆಯದರ ಮುರಿದ ತುದಿಯಲ್ಲಿ
ನಸುಗೆಂಪು ಬೇರು, ಕೂದಲೆಳೆಯಷ್ಟು,
ಗಾಳಿಯಲ್ಲಿ ತಡಕುತ್ತ;
ಪಕ್ಕದಲ್ಲಿ ಸಾಸಿವೆಯಷ್ಟು ಮರಿ.
ಮರಿ ಉಬ್ಬಿದಷ್ಟೂ ಎಲೆ ಸುಕ್ಕಾಗುತ್ತಿತ್ತು.

ಅತ್ತೆ ಕನ್ನಡಕ ಹಾಕಿ, ತೆಗೆದು ಒರೆಸಿ, ಮತ್ತೆ ಹಾಕಿ ನೋಡಿದರು.
"ಇದಕ್ಕೆ ಯಾರು ನೀರು ಹಾಕಿದ್ದು?
ನಾನಲ್ಲ, ಆಣೆ."

ಇವತ್ತು ಶುಕ್ರವಾರ, ಕೆಳಗೆ ರಿಕ್ಷಾ ಹಾರ್ನು.
ಲೋಟಕ್ಕೆ ಸುರಿದೆ, ಗೆರೆಯವರೆಗೆ.
ಆಮೇಲೆ ಒಂದು ಮುಚ್ಚಳದಷ್ಟು.
ಅವರು ನೋಡಿದರು,
ಸೆರಗು ಸರಿಮಾಡಿಕೊಂಡು ಚಪ್ಪಲಿ ಹುಡುಕತೊಡಗಿದರು.